ಷರಾ ಕಾಲಂ ಇಲ್ಲದ ಫಾರ್ಮು

ಕೆಲಸಕ್ಕೆ ಹೊಸದಾಗಿ ಸೇರಿದ ಹುಡುಗಿಯರು ಆಗಾಗ ನಮ್ಮ ಮನೆಗೆ ಬಂದು, ನಿಮ್ಮ ಕಾಲದಲ್ಲಿ ಕಚೇರಿ ಹೇಗಿತ್ತು ಎಂದು ಕೇಳುತ್ತಾರೆ. ನಾನು ಹೇಳಲು ಶುರು ಮಾಡಿದರೆ ಅರ್ಧಕ್ಕೇ ಅವರ ಮೊಬೈಲು ಕೈಗೆ ಬರುತ್ತದೆ. ಬೈದರೆ ನಗುತ್ತಾರೆ. ಅದಕ್ಕೇ ಬರೆಯಲು ಕೂತಿದ್ದೇನೆ. ಇಲ್ಲಿ ನನ್ನ ಮಾತಿನ ನಡುವೆ ಯಾರೂ ಎದ್ದು ಹೋಗುವಂತಿಲ್ಲ.

ನಾನು ಟೈಪಿಸ್ಟ್. ರಾಣೆಬೆನ್ನೂರಿನಲ್ಲಿ ಟೈಪಿಂಗ್ ಕಲಿತೆ. ಹಾವೇರಿ, ರಾಣೆಬೆನ್ನೂರು, ಬ್ಯಾಡಗಿ ಈ ಮೂರು ಊರುಗಳ ಸರ್ಕಾರಿ ಕಚೇರಿಗಳಲ್ಲಿ ತಿರುತಿರುಗಿ ಕೆಲಸ ಮಾಡಿದೆ. ಯಜಮಾನರು ಕುಮಾರಪಟ್ಟಣದ ಕಾರ್ಖಾನೆಯಲ್ಲಿದ್ದರು. ಅವರ ಪಾಳಿ ಮುಗಿಯುವ ಹೊತ್ತಿಗೆ ನನ್ನ ಬಸ್ಸು ಹೊರಡುತ್ತಿತ್ತು. ನಡುವೆ ಬಡ್ತಿ ಬಂತು, ಕುರ್ಚಿ ಬದಲಾಯಿತು, ಅದೆಲ್ಲ ಸರ್ವಿಸ್ ಪುಸ್ತಕದಲ್ಲಿದೆ, ಬೇಕಾದವರು ನೋಡಿಕೊಳ್ಳಲಿ. ಜನರ ಬಾಯಲ್ಲಿ ಮಾತ್ರ ಕೊನೆಯವರೆಗೂ "ಟೈಪಿನ ಬಾಯಾರು", ಅಂದರೆ ಟೈಪಿನ ಮೇಡಂ, ಆಗಿಯೇ ಉಳಿದೆ. ಮುಂದೆ ಹೇಳುವುದು ಯಾವ ಊರಿನ ಯಾವ ಕಚೇರಿಯಲ್ಲಿ ನಡೆಯಿತು ಎಂದು ಮಾತ್ರ ಕೇಳಬೇಡಿ. ಮೂರೂ ಊರುಗಳ ಉಪ್ಪು ತಿಂದಿದ್ದೇನೆ.

ನನಗೆ ಕೆಲಸ ಕಲಿಸಿದವರು ಒಬ್ಬ ಮುದಿ ಶಿರಸ್ತೇದಾರರು. ಸಿಟ್ಟಿನ ಮನುಷ್ಯ, ಆದರೆ ಕಲಿಸುವಾಗ ಏನನ್ನೂ ಮುಚ್ಚಿಡುತ್ತಿರಲಿಲ್ಲ. ಆಗ ಎಲ್ಲ ರಿಜಿಸ್ಟರುಗಳಲ್ಲೂ ಕೊನೆಯ ಕಾಲಂ "ಷರಾ" ಎಂದಿರುತ್ತಿತ್ತು. ಉಳಿದ ಕಾಲಂಗಳಲ್ಲಿ ಹೆಸರು, ವಯಸ್ಸು, ಹೊಲ, ಹುಟ್ಟುವಳಿ. ಅಲ್ಲೆಲ್ಲೂ ಹಿಡಿಸದ್ದನ್ನು ಷರಾದಲ್ಲಿ ಬರೆಯುವುದು. ಫೈಲು ಬಂದರೆ ಮೊದಲು ಬಲಗಡೆಯ ತುದಿ ನೋಡಬೇಕು, ಆಮೇಲೆ ಎಡಕ್ಕೆ ಬರಬೇಕು ಎಂದು ಅವರು ಹೇಳುತ್ತಿದ್ದರು. "ಹೊಲ ಇದೆ, ಎತ್ತು ಇಲ್ಲ." "ಅರ್ಜಿದಾರಳ ಕಣ್ಣು ಮಂಜು, ಮೊಮ್ಮಗಳು ಓದಿ ಹೇಳಿದಳು." ಇಂಥವನ್ನು ನಾನು ಸಾವಿರಾರು ಟೈಪು ಮಾಡಿದ್ದೇನೆ. ಅದೇ ಷರಾದಲ್ಲಿ "ಪ್ರತಿಷ್ಠಿತರು, ಪರಿಗಣಿಸಬಹುದು" ಎಂದು ಬರೆಸಿಕೊಂಡು ಬಂದ ಪ್ರತಿಷ್ಠಿತರೂ ಇದ್ದರು. ಅದನ್ನೂ ಹೇಳದಿದ್ದರೆ ಸುಳ್ಳಾಗುತ್ತದೆ.

ಒಮ್ಮೆ ಒಂದು ಉದ್ದ ಪಟ್ಟಿ ಟೈಪು ಮಾಡುವಾಗ ಕಾಗದ ಒಂದು ಸಾಲು ಜಾರಿತು. ನಾನು ನೋಡಲಿಲ್ಲ. ಅಲ್ಲಿಂದ ಮುಂದೆ ಎಲ್ಲರ ಷರಾವೂ ಒಂದು ಸಾಲು ಕೆಳಗಿನವರಿಗೆ ಹೋಯಿತು. "ಎರಡೂ ಕಣ್ಣು ಕಾಣುವುದಿಲ್ಲ" ಎನ್ನುವುದು ಒಬ್ಬ ದರ್ಜಿಯ ಹೆಸರಿನ ಎದುರು ಬಿತ್ತು. ಅವನು ಕೊರಳಿಗೆ ಟೇಪು ಹಾಕಿಕೊಂಡೇ ಕಚೇರಿಗೆ ಬಂದ. "ಬಾಯಾರ, ನಿಮ್ಮ ಜಂಪರ ಹೊಲಿಯಾಂವ ನಾನ ಅದೇನ್ರಿ. ಕಣ್ಣಿಲ್ಲದ ಹೊಲದೇನೇನು?" ಎಂದ. ಶಿರಸ್ತೇದಾರರು ಅಂದು ನನಗೆ ಬೈದ ಬೈಗುಳ ಇಲ್ಲಿ ಬರೆಯುವಂಥದ್ದಲ್ಲ. ಆದರೆ ಅರ್ಧ ಗಂಟೆಯಲ್ಲಿ ಪಟ್ಟಿ ಸರಿಯಾಯಿತು. ತಪ್ಪಾದರೆ ಬಂದು ಕೇಳಲು ಒಂದು ಮೇಜು ಇತ್ತು, ಮೇಜಿನ ಹಿಂದೆ ನಾನಿದ್ದೆ.

ಆಮೇಲೆ ಕಂಪ್ಯೂಟರ್ ಬಂತು. ಅದಕ್ಕೊಂದು ತಂಪು ಕೋಣೆ, ಬಾಗಿಲಲ್ಲಿ ಚಪ್ಪಲಿ ಬಿಡಬೇಕು, ಕುಂಕುಮ, ತೆಂಗಿನಕಾಯಿ, ಎಲ್ಲ ಆಯಿತು. ನಮಗೆ ಬೇಸಿಗೆಯಲ್ಲಿ ಫ್ಯಾನು ಕೊಡಿ ಎಂದು ಕೇಳಿ ಕೇಳಿ ಸಾಕಾಗಿತ್ತು. ಯಂತ್ರಕ್ಕೆ ಸೆಕೆ ಆಗುತ್ತದೆ ಎಂದರೆ ಒಂದೇ ವಾರದಲ್ಲಿ ಎ.ಸಿ. ಬಂತು. ನಾನು ಮೊದಲ ದಿನವೇ ಕಲಿಯಲು ಕೂತೆ. ಬೆರಳುಗಳಿಗೆ ಅಕ್ಷರ ಗೊತ್ತಿತ್ತು, ಉಳಿದದ್ದು ಕಣ್ಣು ಕಲಿತುಕೊಂಡಿತು. ಕಚೇರಿಯ ಗಂಡಸರು ಕೈಕಟ್ಟಿ ನಿಂತು ನೋಡುತ್ತಿದ್ದರು. ನನಗೆ ಜಂಬ ಬಂತು ಎಂದರೆ ಸುಳ್ಳಲ್ಲ.

ಆ ಶುರುವಿನ ದಿನಗಳಲ್ಲಿ ಒಂದೇ ಹೆಸರು ಎರಡು ಸಲ ಬಂದಿದ್ದರೆ ಒಂದನ್ನು ತೆಗೆದುಹಾಕುವ ಉಪಾಯವೊಂದನ್ನು ಅದರಲ್ಲಿ ಹಾಕಿದ್ದರು. ಹೆಸರು, ಗಂಡನ ಹೆಸರು, ವಯಸ್ಸು ಮೂರೂ ಒಂದೇ ಆದರೆ ಯಂತ್ರ ಒಬ್ಬರನ್ನು ಮಾತ್ರ ಉಳಿಸುತ್ತಿತ್ತು. ಕಾಗದದ ಮೇಲೆ ಒಳ್ಳೆಯ ಉಪಾಯವೇ. ಆದರೆ ನಮ್ಮ ನದಿ ಕಡೆಯ ಹಳ್ಳಿಗಳಲ್ಲಿ ಬಸವ್ವನ ಗಂಡ ಬಸಪ್ಪನಾಗಿರುವುದು ದೊಡ್ಡ ವಿಷಯವಲ್ಲ, ವಯಸ್ಸು ಕೇಳಿದರೆ ಎಲ್ಲರೂ ಅರವತ್ತು. ಗಳಗನಾಥದ ಕಡೆಯಿಂದ ಬರುವ ಟೆಂಪೋದಲ್ಲಿ ಒಂದು ದಿನ ಐದು ಮಂದಿ ಬಸವ್ವಂದಿರು ಬಂದಿಳಿದರು. ವೃದ್ಧಾಪ್ಯ ವೇತನದ ಪಟ್ಟಿಯಲ್ಲಿ ಐವರಲ್ಲಿ ಒಬ್ಬಳು ಉಳಿದಿದ್ದಳು. ಸಾಲಾಗಿ ನನ್ನ ಮುಂದೆ ನಿಂತು, ಹಿರಿಯಳು ಕೇಳಿದಳು: "ನಮ್ಮೊಳಗ ಖರೇ ಬಸವ್ವ ಯಾರು ಅಂತ ನೀವ ಹೇಳ್ರಿ, ಉಳದಾರು ಮನಿಗೆ ಹೋಕ್ಕೀವಿ." ನನಗೆ ನಗು ಬಂತು. ಐವರನ್ನೂ ಕೂರಿಸಿ, ಯಾರ ಮನೆ ಯಾವ ಓಣಿ ಎಂದು ಕೇಳಿ, ಅಡ್ಡ ಹೆಸರು ಸೇರಿಸಿ ಮತ್ತೆ ಒಳಗೆ ಹಾಕಿದೆ. ಆ ಕೆಲಸಕ್ಕೆ ಎರಡು ದಿನ ಹಿಡಿಯಿತು.

ಇನ್ನು ನಾನು ನಿಜವಾಗಿ ಹೇಳಬೇಕೆಂದಿರುವ ಸಂಗತಿಗೆ ಬರುತ್ತೇನೆ. ಎರಡು ಸಾವಿರದ ಇಸವಿ ದಾಟಿ ಕೆಲವು ವರ್ಷಗಳಾಗಿದ್ದವು. ಬಡವರು ಯಾರು ಎಂಬುದನ್ನು ಅಂಕಗಳ ಮೇಲೆ ತೀರ್ಮಾನಿಸಬೇಕೆಂದು ಆದೇಶ ಬಂತು. ಮಾಸ್ತರರು ಮನೆ ಮನೆಗೆ ಹೋಗಿ ಫಾರ್ಮು ತುಂಬಬೇಕು. ಗೋಡೆ ಎಂಥದು, ಮೇಲೆ ಹೆಂಚೋ ಸ್ಲ್ಯಾಬೋ, ಹೊಲ ಎಷ್ಟು, ದನ ಎಷ್ಟು, ಗಾಡಿ ಇದೆಯೇ, ಟಿವಿ ಇದೆಯೇ. ಒಂದೊಂದು ಉತ್ತರಕ್ಕೆ ಒಂದೊಂದು ಅಂಕ. ನಾವು ಅದನ್ನು ಕಂಪ್ಯೂಟರಿಗೆ ಹಾಕುವುದು, ಅದು ಕೂಡಿ, ಗೆರೆ ಎಳೆದು, ಗೆರೆಯ ಕೆಳಗಿನವರು ಬಡವರು, ಮೇಲಿನವರು ಅಲ್ಲ ಎಂದು ಹೇಳುವುದು. ಬಡವರ ಕಾರ್ಡು ಆ ಪಟ್ಟಿಯ ಮೇಲೆಯೇ. ಒಂದು ಮನೆ ನಂಬರು ಎಂದರೆ ಒಂದು ಕುಟುಂಬ. ಫಾರ್ಮಿನಲ್ಲಿ ಷರಾ ಕಾಲಂ ಇರಲಿಲ್ಲ.

ಆ ಪದ್ಧತಿಯನ್ನು ಬೈಯಲು ನಾನು ಪೆನ್ನು ಹಿಡಿದಿಲ್ಲ. ಮೊದಲು ಆ ಪಟ್ಟಿ ಊರ ಹಿರಿಯರ ಕಟ್ಟೆಯ ಮೇಲೆ ತಯಾರಾಗುತ್ತಿತ್ತು. ಒಬ್ಬ ರೈಸ್ ಮಿಲ್ಲಿನ ಮಾಲಕ ವರ್ಷಗಟ್ಟಲೆ ಬಡವನಾಗಿದ್ದ. ಅಂಕ ಬಂದ ವರ್ಷ ಅವನು ಒಂದೇ ಏಟಿಗೆ ಶ್ರೀಮಂತನಾದ. ಜನ ಅದನ್ನು ಚಹಾದಂಗಡಿಯಲ್ಲಿ ಹೇಳಿಕೊಂಡು ನಕ್ಕರು, ನಾನೂ ನಕ್ಕೆ. ನಮ್ಮ ಆಗಿನ ತಹಶೀಲ್ದಾರರು ಮೈಸೂರು ಕಡೆಯವರು, ಚಿಕ್ಕ ವಯಸ್ಸು, ಯಾರ ಮನೆಯ ಚಹಾವನ್ನೂ ಮುಟ್ಟದ ಮನುಷ್ಯ. ಅವರು ಒಂದು ಮಾತು ಹೇಳುತ್ತಿದ್ದರು: "ಕಂಪ್ಯೂಟರ್‌ಗೆ ನೆಂಟರಿಲ್ಲ ಮೇಡಂ." ಆ ಮಾತು ನನಗೂ ಹಿಡಿಸಿತ್ತು.

ಹಾಗೆಂದು ಕಣ್ಣು ಮುಚ್ಚಿ ಟೈಪು ಮಾಡುವವಳೂ ನಾನಾಗಿರಲಿಲ್ಲ. ಬ್ಯಾಡಗಿಯ ಒಂದು ಓಣಿಯ ಫಾರ್ಮುಗಳು ಬಂದಾಗ ಎಲ್ಲ ಮನೆಗಳಲ್ಲೂ "ಸ್ವಂತ ವ್ಯಾಪಾರ, ಮೆಣಸಿನಕಾಯಿ" ಎಂದು ಬರೆದಿತ್ತು. ಬರೆದವರು ಹೊರಗಿನ ಊರಿನಿಂದ ಹೊಸದಾಗಿ ಬಂದ ಮಾಸ್ತರು. ಅಂಗಳದಲ್ಲಿ ಕೆಂಪಗೆ ರಾಶಿ ಬಿದ್ದದ್ದನ್ನು ಕಂಡಿದ್ದಾರೆ, ಸೀನಿದ್ದಾರೆ, ಬರೆದಿದ್ದಾರೆ. ಅದು ವ್ಯಾಪಾರಸ್ಥರ ಮಾಲು, ಹೆಣ್ಣುಮಕ್ಕಳು ತೊಟ್ಟು ಬಿಡಿಸಿ ಕೊಡಲು ಮನೆಗೆ ತಂದದ್ದು ಎಂಬುದು ಅವರಿಗೆ ಯಾರು ಹೇಳಬೇಕು? ನಾನು ಆ ಕಟ್ಟನ್ನು ವಾಪಸ್ಸು ಕಳಿಸಿದೆ, ಅವರು ತಿದ್ದಿಕೊಟ್ಟರು. ಆವತ್ತಿನಿಂದ ನನಗೆ ಗೊತ್ತಿಲ್ಲದ್ದು ಏನೂ ಇಲ್ಲ ಎನ್ನುವ ಭಾವನೆ ತಲೆಗೇರಿತು.

ಪಟ್ಟಿ ಪ್ರಕಟವಾಗಿ ತಿಂಗಳಾಗಿರಬೇಕು. ಹಲಗೇರಿಯ ಆಚೆಗಿನ ಒಂದು ಹಳ್ಳಿಯಿಂದ ರೇಣವ್ವ ಎನ್ನುವ ಹೆಣ್ಣುಮಗಳು ನನ್ನ ಮೇಜಿಗೆ ಬಂದಳು. ಗಂಡ ತೀರಿಕೊಂಡಿದ್ದ. ಹತ್ತಿಯ ಬೀಜ ಬೆಳೆಯುವ ಹೊಲಗಳಲ್ಲಿ ಹೂವಿಗೆ ಹೂವು ತಾಗಿಸುವ ಕೂಲಿಗೆ ಹೋಗುತ್ತಿದ್ದಳು. ನಮ್ಮ ಕಡೆ ಅದಕ್ಕೆ ಕ್ರಾಸಿಂಗ್ ಕೆಲಸ ಎನ್ನುತ್ತಾರೆ. ಜೊತೆಯಲ್ಲಿ ಹನ್ನೊಂದು ವರ್ಷದ ಮಗಳು ಸುಮಾ ಇದ್ದಳು. ಕಚೇರಿಯ ನಾಲ್ಕು ಮೆಟ್ಟಿಲು ಹತ್ತುವಷ್ಟರಲ್ಲಿ ಹುಡುಗಿ ಎರಡು ಕಡೆ ಕೂತಿತ್ತು. ತುಟಿ ನೀಲಿಗಟ್ಟಿತ್ತು.

ಹಾವೇರಿಯಲ್ಲಿ ನಡೆದ ತಪಾಸಣೆ ಶಿಬಿರದಲ್ಲಿ ಡಾಕ್ಟರು ಹುಡುಗಿಯ ಹೃದಯದಲ್ಲಿ ರಂಧ್ರವಿದೆ ಎಂದಿದ್ದರು. ಬಡವರ ಕಾರ್ಡು ಇದ್ದರೆ ಹುಬ್ಬಳ್ಳಿಯ ದೊಡ್ಡ ಆಸ್ಪತ್ರೆಯಲ್ಲಿ ಪುಕ್ಕಟೆ ಆಪರೇಷನ್ ಆಗುತ್ತದೆ, ಆದರೆ ಇದೇ ವರ್ಷ ಆಗಬೇಕು, ತಡ ಮಾಡಿದರೆ ನಾವೂ ಮುಟ್ಟುವುದಿಲ್ಲ ಎಂದು ಹೇಳಿ ಚೀಟಿ ಬರೆದುಕೊಟ್ಟಿದ್ದರು. ರೇಣವ್ವನ ಹಳೆಯ ಕಾರ್ಡು ರದ್ದಾಗಿತ್ತು. ಹೊಸ ಪಟ್ಟಿಯಲ್ಲಿ ಹೆಸರಿರಲಿಲ್ಲ. ನಾನು ಕಂಪ್ಯೂಟರಿನಲ್ಲಿ ನೋಡಿದೆ. ಮನೆಯ ಯಜಮಾನ ಅವಳ ಭಾವ ಶಿವಪ್ಪ. ಸ್ಲ್ಯಾಬಿನ ಮನೆ, ಮುಂದೆ ಕಿರಾಣಿ ಅಂಗಡಿ, ಮೋಟರ್ ಸೈಕಲ್ಲು, ಟಿವಿ. ಅದೇ ಮನೆಯ ಸದಸ್ಯರ ಸಾಲಿನಲ್ಲಿ ಕೆಳಗೆ ರೇಣವ್ವ, ಸುಮಾ. ಅಂಕ ಗೆರೆಯ ಮೇಲೆ ಬಹಳ ದೂರವಿತ್ತು. ನಾನು, "ನಿಮ್ಮ ಭಾವ ಅನುಕೂಲಸ್ಥರು ಅದಾರಲ್ಲವಾ," ಎಂದೆ. ಅವಳು ತಲೆ ಬಗ್ಗಿಸಿ, ನಾವು ಬೇರೆ ಅಡಿಗೆ ಮಾಡಿಕೊಳ್ಳುತ್ತೇವೆ ಎಂದು ಗೋಡೆಗೆ ಹೇಳಿದಂತೆ ಹೇಳಿದಳು.

ಹಾಗಾದರೆ ಮಾಸ್ತರರು ಬಂದಾಗ ಯಾಕೆ ಹೇಳಲಿಲ್ಲ ಎಂದು ನಾನು ರೇಗಿದೆ. ರೇಗುತ್ತಲೇ ಕಪಾಟಿನಿಂದ ಆ ಹಳ್ಳಿಯ ಕಟ್ಟು ತೆಗೆದು, ಅವರ ಮನೆಯ ಫಾರ್ಮು ಹುಡುಕಿದೆ. ಆ ಹಳ್ಳಿಗೆ ಹೋಗಿದ್ದವರು ಖಾದರ್ ಮಾಸ್ತರು. ಬಹಳ ಅಚ್ಚುಕಟ್ಟಿನ ಮನುಷ್ಯ. ಫಾರ್ಮಿನ ಅಂಚಿನಲ್ಲಿ ಪೆನ್ಸಿಲ್ಲಿನಿಂದ ಸಣ್ಣ ಅಕ್ಷರದಲ್ಲಿ ಬರೆದಿದ್ದರು: "ಹಿಂದಿನ ಕೋಣೆಯ ವಿಧವೆಯ ಒಲೆ ಬೇರೆ. ಮನೆಯವರು ಹೇಳಲೊಲ್ಲರು. ನಾನು ಕಣ್ಣಾರೆ ಕಂಡಿದ್ದೇನೆ." ಅದರ ಪಕ್ಕದಲ್ಲೇ ಹಸಿರು ಶಾಯಿಯ ಟಿಕ್ ಇತ್ತು. ಟೈಪು ಮಾಡಿ ಮುಗಿಸಿದ ಫಾರ್ಮಿಗೆ ನಾನು ಹಾಕುವ ಟಿಕ್ ಅದು.

ನನಗೆ ನೆನಪಾಯಿತು. ಆ ಸಾಲು ನಾನು ಓದಿದ್ದೆ. ಓದಿ, ಇದನ್ನು ಎಲ್ಲಿ ಹಾಕುವುದು ಎಂದು ಪರದೆಯ ಮೇಲೆ ಕೆಳಗೆ ಮೇಲೆ ನೋಡಿದ್ದೆ. ಜಾಗ ಸಿಗಲಿಲ್ಲ. ದಿನಕ್ಕೆ ಇಷ್ಟು ಫಾರ್ಮು ಮುಗಿಯಬೇಕೆಂಬ ಗುರಿ ಇತ್ತು, ನಾನು ದಿನವೂ ಗುರಿ ದಾಟುತ್ತಿದ್ದೆ, ಜಿಲ್ಲೆಯವರು ಹೊಗಳಿದ್ದರು. ಎದ್ದು ಹೋಗಿ ತಹಶೀಲ್ದಾರ್ ಸಾಹೇಬರನ್ನು ಕೇಳಿದ್ದರೆ ಹತ್ತು ನಿಮಿಷದ ಕೆಲಸ. ನಾನು ಏಳಲಿಲ್ಲ, ಮುಂದಿನ ಫಾರ್ಮು ತೆಗೆದೆ. ಈ ಬರಹದಲ್ಲಿ ಹೊಸಬರು ನೆನಪಿಟ್ಟುಕೊಳ್ಳಬೇಕಾದದ್ದು ಏನಾದರೂ ಇದ್ದರೆ ಇದೇ. ಯಂತ್ರ ನನಗೆ ಏನೂ ಮಾಡಲಿಲ್ಲ, ನಾನೇ ಏಳಲಿಲ್ಲ. ಎದುರಿಗೆ ಆ ನೀಲಿ ತುಟಿಯ ಹುಡುಗಿ ಮೇಜಿನ ಮೇಲಿನ ಪೇಪರ್ ವೇಟು ತಿರುಗಿಸುತ್ತ ಕೂತಿತ್ತು. ನನಗೆ ಮುಖ ಎತ್ತಿ ನೋಡಲಾಗಲಿಲ್ಲ.

ಫಾರ್ಮು ಹಿಡಿದುಕೊಂಡು ಸಾಹೇಬರ ಕೋಣೆಗೆ ಹೋಗಿ ಇದ್ದದ್ದನ್ನು ಇದ್ದಂತೆ ಹೇಳಿದೆ. ಬೈಯುತ್ತಾರೆ ಎಂದುಕೊಂಡಿದ್ದೆ. ಅವರು ಪೆನ್ಸಿಲ್ ಸಾಲನ್ನು ಓದಿ, ನೀವು ತಪ್ಪು ಮಾಡಿಲ್ಲ, ಬರೆಯಲು ಜಾಗವೇ ಇಲ್ಲವಲ್ಲ ಎಂದರು. ಬೈದಿದ್ದರೇ ಚೆನ್ನಾಗಿತ್ತು. ಒಂದು ಮನೆಯನ್ನು ಎರಡು ಕುಟುಂಬ ಮಾಡುವ ಅಧಿಕಾರ ಅವರಿಗಿತ್ತು, ಆದರೆ ಮಾಡಲು ಅಂಜಿದರು. ಅವರ ಅಂಜಿಕೆಯೂ ಸುಳ್ಳಲ್ಲ. "ಇವತ್ತು ಒಬ್ಬರಿಗೆ ಒಲೆ ಬೇರೆ ಅಂತ ಬರೆದರೆ, ನಾಳೆ ಇಡೀ ತಾಲ್ಲೂಕಿನ ಒಲೆಗಳು ಬೇರೆ ಆಗ್ತವೆ ಮೇಡಂ. ಆ ರೈಸ್ ಮಿಲ್‌ನವರದ್ದೂ ಆಗತ್ತೆ," ಎಂದರು. ಆಮೇಲೆ, ಕಾರ್ಡು ಬೇಕಾದವರು ಹೇಳಿದರೆ ನಂಬುವುದಿಲ್ಲ, ಹೇಳಿದರೆ ಯಾರ ಮರ್ಯಾದೆ ಹೋಗುತ್ತದೋ ಅವರು ಬಂದು ಹೇಳಲಿ, ಆಗ ನಂಬುತ್ತೇನೆ ಎಂದರು. ಅಂದರೆ ಆ ಮನೆಯ ಹಿರಿಯರು.

ನಾನು ಹೊರಗೆ ಬಂದು ಇದನ್ನು ಹೇಳಿದ್ದೇ ರೇಣವ್ವ ಚೀಟಿ ಮಡಚಿ ಎದ್ದಳು. "ನಮ್ಮತ್ತಿ ಸತ್ರೂ ಹೇಳಾಂಗಿಲ್ರಿ," ಎಂದಳು. ಬರಿ ಮೊಂಡುತನವಲ್ಲ. ನಮ್ಮ ಕಡೆ ಮನೆಯಲ್ಲಿ ಒಲೆ ಬೇರೆಯಾದದ್ದನ್ನು ಹೊರಗೆ ಯಾರೂ ಆಡುವುದಿಲ್ಲ. ಒಂದೇ ಬಾಗಿಲು, ಒಂದೇ ತುಳಸಿಕಟ್ಟೆ, ಹೊರಗಿನವರು ಬಂದರೆ ಒಂದೇ ಚಹಾ. ಒಡೆದ ಮನೆ ಎಂದು ಹೆಸರು ಬಿದ್ದರೆ ಹೆಣ್ಣು ಕೊಡುವವರು ಹಿಂದೆ ಮುಂದೆ ನೋಡುತ್ತಾರೆ. ಶಿವಪ್ಪನ ಹಿರಿಯ ಮಗನಿಗೆ ಆಗಷ್ಟೇ ರಾಣೆಬೆನ್ನೂರಿನಲ್ಲಿ ಒಂದು ಸಂಬಂಧ ಕೂಡಿಬಂದಿತ್ತು. ಮಾಸ್ತರರು ಕೇಳಿದಾಗ ಅತ್ತೆ, ಭಾವ ಮಾತ್ರವಲ್ಲ, ರೇಣವ್ವ ಕೂಡ "ನಾವೆಲ್ಲ ಒಂದ ಅದೀವ್ರಿ" ಎಂದಿದ್ದಳು. ಆ ಒಂದು ಮಾತು ತನ್ನ ಮಗಳ ಕೊರಳಿಗೆ ಬರುತ್ತದೆ ಎಂದು ಅವಳಿಗೇನು ಗೊತ್ತು.

ಮುಂದಿನ ಭಾನುವಾರ ಖಾದರ್ ಮಾಸ್ತರರನ್ನು ಕರೆದುಕೊಂಡು ನಾನೇ ಆ ಹಳ್ಳಿಗೆ ಹೋದೆ. ಇಂಥದ್ದಕ್ಕೆ ಯಾರೂ ನನ್ನನ್ನು ಕಳಿಸಿರಲಿಲ್ಲ. ಮನೆಯಲ್ಲಿ ಕೊರಗುತ್ತ ಕೂರುವ ಬದಲು ಬಸ್ಸು ಹತ್ತಿ ಹೋಗಿ ಬಾ ಎಂದು ಯಜಮಾನರೇ ಅಂದರು. ದಾರಿಯುದ್ದಕ್ಕೂ ಮಾಸ್ತರರು, ಪೆನ್ನಿನಲ್ಲಿ ಬರೆದಿದ್ದರೆ ಫಾರ್ಮು ಕೆಡಿಸಿದಿರಿ ಎಂದು ವಾಪಸ್ಸು ಕಳಿಸುತ್ತಿದ್ದರು, ಅದಕ್ಕೇ ಪೆನ್ಸಿಲ್ಲಿನಲ್ಲಿ ಬರೆದೆ ಎಂದು ತಮ್ಮನ್ನೇ ತಾವು ಬೈದುಕೊಳ್ಳುತ್ತಿದ್ದರು.

ಅತ್ತೆಯ ಹೆಸರು ಗಂಗವ್ವ. ಎಪ್ಪತ್ತರ ಮೇಲಿನ ವಯಸ್ಸು, ನೆಟ್ಟಗಿನ ಬೆನ್ನು, ಮಾತು ಕಡಿಮೆ. ಚಾಪೆ ಹಾಸಿದಳು, ಅವಲಕ್ಕಿ ಕೊಟ್ಟಳು. ಶಿವಪ್ಪ ಅಂಗಡಿಯ ಗಲ್ಲೆ ಬಿಟ್ಟು ಬಂದು ಕಂಬಕ್ಕೆ ಒರಗಿ ನಿಂತ. ನಾನು ವಿಷಯ ಎತ್ತಿದ ಕೂಡಲೆ ಗಂಗವ್ವ, ನಮ್ಮ ಮನೆಯಲ್ಲಿ ಒಂದೇ ಒಲೆ ಎಂದಳು. ಹಿತ್ತಲ ಕಡೆಯಿಂದ ರೇಣವ್ವನ ಒಲೆಯ ಹೊಗೆ ನಡುಮನೆಗೇ ಬರುತ್ತಿತ್ತು. ಅಂಗೈ ಹುಣ್ಣಿಗೆ ಕನ್ನಡಿ ಬೇಕೇ? ನನಗೆ ತಡೆಯಲಾಗಲಿಲ್ಲ. ಆ ಹೊಗೆ ಎಲ್ಲಿಯದು ಅಜ್ಜಿ ಎಂದುಬಿಟ್ಟೆ. ಮಾಸ್ತರರು ಕಣ್ಣಿನಲ್ಲೇ ಬೇಡ ಎಂದರು, ಅಷ್ಟರಲ್ಲಿ ಮಾತು ಹೊರಬಿದ್ದಿತ್ತು.

ಗಂಗವ್ವ ನನ್ನನ್ನೇ ನೋಡಿ, "ಹೆಣ್ಣುಮಗಳಾಗಿ ನಮ್ಮ ಮನಿ ಒಡಿಯಾಕ ಬಂದೀರೇನವಾ?" ಎಂದಳು.

ಅವಳು ಕೂಗಲಿಲ್ಲ, ಅದಕ್ಕೇ ಹೆಚ್ಚು ತಾಗಿತು. ನನ್ನ ಸಿಟ್ಟೆಲ್ಲ ಇಳಿದುಹೋಯಿತು. ಹೇಳಬೇಕೆಂದು ತಯಾರು ಮಾಡಿಕೊಂಡು ಹೋಗಿದ್ದ ಮಾತೆಲ್ಲ ಬಿಟ್ಟೆ. ಕೊನೆಗೆ ನಿಜವನ್ನೇ ಹೇಳಿದೆ: "ಮಾಸ್ತರು ಬರದದ್ದನ್ನ ನಾ ಓದಿದ್ನಿ ಅಜ್ಜಿ. ಓದಿನೂ ಬಿಟ್ಟೆ. ಅದಕ್ಕ ಹುಡುಗಿ ಹೆಸರು ಹೋತು. ನನ್ನ ತಪ್ಪು ನಾ ಸಾಹೇಬ್ರ ಮುಂದ ಹೇಳೇನಿ. ಇನ್ನ ಉಳದದ್ದು ನಿಮ್ಮ ಕೈಯಾಗ ಐತಿ." ಶಿವಪ್ಪ, ಹುಡುಗಿಯನ್ನು ನಾನೇ ಎರಡು ಸಲ ದಾವಣಗೆರೆಗೆ ತೋರಿಸಿಕೊಂಡು ಬಂದಿದ್ದೇನೆ, ಆ ಆಪರೇಷನ್ ಈ ಅಂಗಡಿಯಿಂದ ಆಗುವಂಥದ್ದಲ್ಲ ಎಂದು ಮೆಲ್ಲಗೆ ಹೇಳಿದ. ಕೆಟ್ಟ ಮನುಷ್ಯನಲ್ಲ. ಹೆಂಡತಿಗೂ ತಮ್ಮನ ಹೆಂಡತಿಗೂ ಯಾವುದೋ ಹಾಲಿನ ತಂಬಿಗೆಯ ಮಾತಿಗೆ ಬಿರುಕು ಬಿದ್ದಿತ್ತು, ಆಮೇಲೆ ಕೂಡಲಿಲ್ಲ, ಅಷ್ಟೇ. ನಾವು ಅವಲಕ್ಕಿ ಮುಗಿಸಿ ಬರಿಗೈಯಲ್ಲಿ ಹಿಂದಿರುಗಿದೆವು.

ಒಂದು ವಾರ ಯಾರೂ ಬರಲಿಲ್ಲ. ಪ್ರತಿದಿನ ಹನ್ನೊಂದು ಗಂಟೆಯ ಬಸ್ಸು ಬರುವ ಹೊತ್ತಿಗೆ ನಾನು ಬಾಗಿಲ ಕಡೆ ನೋಡುತ್ತಿದ್ದೆ. ಅದರ ಮರುವಾರ, ಸಂತೆಯ ದಿನ, ಕಚೇರಿ ತುಂಬ ಜನ. ಸಾಹೇಬರು ಪಡಸಾಲೆಯಲ್ಲೇ ಮೇಜು ಹಾಕಿಸಿಕೊಂಡು ಅರ್ಜಿ ತೆಗೆದುಕೊಳ್ಳುತ್ತಿದ್ದರು. ಗಂಗವ್ವ ಸೆರಗು ತಲೆಯ ಮೇಲೆ ಹೊದ್ದು ಒಳಗೆ ಬಂದಳು. ಹಿಂದೆ ರೇಣವ್ವ, ಅವಳ ಹಿಂದೆ ಶಿವಪ್ಪ. ಕೋಣೆಗೆ ಹೋಗೋಣ ಬನ್ನಿ ಎಂದು ನಾನು ಎದ್ದೆ. ಅವಳು ಕೈಯಿಂದಲೇ ನನ್ನನ್ನು ತಡೆದಳು. ಅವರ ಊರಿನ ನಾಲ್ಕು ಮಂದಿ ಅಲ್ಲಿಯೇ ಬೆಂಚಿನ ಮೇಲಿದ್ದರು. ಅವರನ್ನು ನೋಡಿಯೇ ಗಂಗವ್ವ ಸಾಹೇಬರ ಎದುರು ನಿಂತಳು.

"ನಮ್ಮ ಮನ್ಯಾಗ ಎರಡು ಒಲಿ ಅದಾವ್ರಿ. ಆರು ವರ್ಷ ಆತು. ಎರಡನೇದ್ದು ನಾನ ನನ್ನ ಕೈ ಮುಟ್ಟಿ ಹಾಕೀನಿ. ಬರಕೋರಿ."

ಬೆಂಚಿನ ಮೇಲಿನವರು ಇತ್ತ ತಿರುಗಿದರು. ಸಾಹೇಬರು ಎದ್ದು ನಿಂತರು. ಯಾವ ಶಾಸಕರು ಬಂದರೂ ಎದ್ದು ನಿಲ್ಲದ ಮನುಷ್ಯ ಅವರು. ಶಿವಪ್ಪನನ್ನು ಕೇಳಿದಾಗ, ಅವ್ವ ಹೇಳಿದ್ದು ಖರೆ ಎಂದು ನೆಲ ನೋಡುತ್ತ ಹೇಳಿದ. ಸಾಹೇಬರು ಅಂದೇ ಮಧ್ಯಾಹ್ನ ಕಂದಾಯ ನಿರೀಕ್ಷಕರನ್ನು ಕಳಿಸಿ ಮನೆ ನೋಡಿಸಿದರು, ಪೆನ್ಸಿಲ್ ಬರಹದ ಫಾರ್ಮನ್ನು ಫೈಲಿಗೆ ಸೇರಿಸಿದರು, ಎರಡು ದಿನ ಬಿಟ್ಟು ಮೂವರಿಗೂ ಬರಲು ಹೇಳಿದರು. ರಾಣೆಬೆನ್ನೂರಿನ ಆ ಸಂಬಂಧ ಮುರಿದುಬಿತ್ತು ಎಂದು ಆಮೇಲೆ ಕೇಳಿದೆ.

ಓದುವವರ ಜೀವವನ್ನು ತೂಗುಹಾಕಿ ಕಥೆ ಹೇಳುವುದು ನನಗೆ ಸೇರುವುದಿಲ್ಲ, ಆದ್ದರಿಂದ ಸುಮಾಳ ವಿಷಯ ಈಗಲೇ ಹೇಳಿಬಿಡುತ್ತೇನೆ. ಕಾರ್ಡು ಬಂತು. ಅದರ ಮೇಲೆಯೇ ಹುಬ್ಬಳ್ಳಿಯಲ್ಲಿ ಆಪರೇಷನ್ ಆಯಿತು. ಈಗ ಅವಳಿಗೆ ಮದುವೆಯಾಗಿದೆ, ಔಷಧದಂಗಡಿಯೊಂದರಲ್ಲಿ ಕೆಲಸ ಮಾಡುತ್ತಾಳೆ. ನನ್ನ ಬಿಪಿ ಮಾತ್ರೆ ಅವಳೇ ಕೊಡುವುದು, ಉಪ್ಪಿನಕಾಯಿ ತಿನ್ನಬೇಡಿ ಎಂದು ನನಗೇ ಬೈಯುತ್ತಾಳೆ. ಆ ಹುಡುಗಿಯಿಂದ ಬೈಸಿಕೊಳ್ಳುವುದು ನನಗೆ ಬಹಳ ಇಷ್ಟ.

ಆದರೆ ಎರಡು ದಿನ ಬಿಟ್ಟು ಅವರು ಮೂವರೂ ಬಂದ ಆ ಮಧ್ಯಾಹ್ನ ನನಗೆ ಮರೆಯಲು ಆಗಿಲ್ಲ. ಸಾಹೇಬರ ಸಹಿ ಆಗಿತ್ತು, ಆದರೆ ದೇವರು ವರ ಕೊಟ್ಟರೂ ಪೂಜಾರಿ ಕೊಡ ಎಂಬಂತೆ ಕಂಪ್ಯೂಟರು ಅದೇ ಮನೆ ನಂಬರನ್ನು ಎರಡನೆಯ ಸಲ ತೆಗೆದುಕೊಳ್ಳಲಿಲ್ಲ. ನಂಬರಿನ ಮುಂದೆ ಒಂದು "ಅ" ಸೇರಿಸಿದ ಮೇಲೆ ಒಪ್ಪಿತು. ಒಂದೊಂದೇ ಹೆಸರನ್ನು ಕೇಳಿ ಹಾಕುತ್ತ ಹೋದೆ. ಶಿವಪ್ಪ, ಹೆಂಡತಿ, ಮಕ್ಕಳು ಒಂದು ಕಡೆ. ರೇಣವ್ವ, ಸುಮಾ ಇನ್ನೊಂದು ಕಡೆ. ಕೊನೆಗೆ ಗಂಗವ್ವನ ಹೆಸರು ಉಳಿಯಿತು. ನಿಮ್ಮ ಹೆಸರು ಯಾವ ಕಡೆ ಬರೆಯಲಿ ಎಂದು ಕೇಳಿದೆ. ಕೇಳಿದ ಮೇಲೆ ಏನು ಕೇಳಿದೆ ಎಂದು ನನಗೇ ಗೊತ್ತಾಯಿತು.

ಗಂಗವ್ವನಿಗೆ ಅದು ಪ್ರಶ್ನೆ ಎಂದೇ ಅನ್ನಿಸಲಿಲ್ಲ. "ಮುಂಜಾನೆ ದೊಡ್ಡವನ ಕಡೆ ಉಣ್ತೇನಿ, ಸಂಜಿಕೆ ಸಣ್ಣಕಿ ಕಡೆ ಉಣ್ತೇನಿ. ಎರಡೂ ಕಡೆ ಬರೀರಿ," ಎಂದಳು. ಹಾಗೆ ಬರೆಯಲು ಬರುವುದಿಲ್ಲ ಎಂದು ಹೇಳಿದೆ. ನಂಬದೆ ಸಾಹೇಬರ ಕಡೆ ನೋಡಿದಳು. ಅವರು ನನ್ನ ಕುರ್ಚಿಯ ಹಿಂದೆ ಬಂದು ನಿಂತಿದ್ದರು, ಆಗುವುದಿಲ್ಲ ಎಂದು ತಲೆಯಾಡಿಸಿದರು. ಬೇರೆ ದಾರಿ ಏನಾದರೂ ಇದೆಯೇ ನೋಡಿ ಮೇಡಂ ಎಂದು ನನಗೆ ಮೆಲ್ಲಗೆ ಹೇಳಿದರು. ಇರಲಿಲ್ಲ.

ಗಂಗವ್ವ ಕುರ್ಚಿಯಲ್ಲಿ ಕೂತಳು. ಶಿವಪ್ಪ ಬಾಗಿಲ ಹೊರಗೆ ಚಪ್ಪಲಿಗಳ ಹತ್ತಿರ ನಿಂತಿದ್ದ, ಒಳಗಿನ ಮಾತೆಲ್ಲ ಅವನಿಗೆ ಕೇಳಿಸುತ್ತಿತ್ತು. ರೇಣವ್ವ, "ಅತ್ತಿ, ದೊಡ್ಡವರ ಕಡೆನ ಬರಸ್ರಿ," ಎಂದಳು. ಗಂಗವ್ವ ಅವಳ ಮಾತಿಗೆ ಕಿವಿಗೊಡಲಿಲ್ಲ.

"ಸಣ್ಣಕಿ ಕಡೆ ಬರೀರಿ," ಎಂದಳು. "ಶಿವಪ್ಪಗ ಹೇಣ್ತಿ ಅದಾಳ, ಮಕ್ಕಳದಾರ. ಇಕಿಗೆ ಹಿರೇರಂತ ಒಬ್ಬರು ಬೇಕಲ್ಲ."

ನಾನು ಗುಂಡಿ ಒತ್ತಿದೆ. ಗಂಗವ್ವನ ಹೆಸರು ಮಗನ ಪಟ್ಟಿಯಿಂದ ಹೋಗಿ ಸೊಸೆಯ ಪಟ್ಟಿಗೆ ಬಂತು. ಎರಡು ಹಾಳೆ ಪ್ರಿಂಟು ತೆಗೆದು, ಒಂದಕ್ಕೆ ರೇಣವ್ವನ ಸಹಿ ಹಾಕಿಸಿ, ಇನ್ನೊಂದನ್ನು ಶಿವಪ್ಪನಿಗೆ ಕೊಟ್ಟೆ. ಅವನು ಹೆಸರುಗಳ ಮೇಲೆ ಬೆರಳಿಟ್ಟು ಮೇಲಿನಿಂದ ಕೆಳಗೆ ಓದಿದ. ಮತ್ತೆ ಮೇಲಿನಿಂದ ಓದಿದ.

"ಬಾಯಾರ, ಇದ್ರಾಗ ನಮ್ಮವ್ವ ಇಲ್ಲಲ್ರಿ," ಎಂದ.

ಕಂಪ್ಯೂಟರಿನಲ್ಲಿ ಅಷ್ಟೇ ಶಿವಪ್ಪ, ಮನೆಯಲ್ಲಿ ಇದ್ದೇ ಇರುತ್ತಾರೆ ಎಂದು ನಾನು ಸಮಾಧಾನ ಹೇಳಿದೆ. ಅದು ಅವನಿಗೆ ತಲುಪಲಿಲ್ಲ. ಐವತ್ತರ ಹತ್ತಿರದ ಗಂಡಸು, ಪೆನ್ನು ಹಿಡಿದು, ಸಹಿ ಮಾಡುವ ಜಾಗವನ್ನೇ ನೋಡುತ್ತ ನಿಂತ. ಕಣ್ಣು ತುಂಬಿತ್ತು. ಗಂಗವ್ವ ಎದ್ದು ಅವನ ಪಕ್ಕಕ್ಕೆ ಬಂದು ಬೆನ್ನ ಮೇಲೆ ಕೈಯಿಟ್ಟಳು.

"ಮಾಡಪಾ ಸಹಿ, ಲಗೂ ಹೋಗೂಣು. ಇವತ್ತ ಸಂಜಿಕೆ ರೇಣವ್ವನ ಕಡೆ ಉಣ್ತೇನಿ. ನಾಳಿ ಮುಂಜಾನೆ ನಿಮ್ಮ ಮನಿಗೆ ಬರ್ತೇನಿ."

ಆ ಮನೆಗೆ ಮದುವೆಯಾಗಿ ಬಂದ ದಿನದಿಂದ ಆಕೆ ಅದನ್ನು "ನಮ್ಮ ಮನಿ" ಎಂದೇ ಕರೆದಿದ್ದಳು. ಶಿವಪ್ಪ ತಾಯಿಯ ಮುಖ ನೋಡಿದ. ಆಮೇಲೆ ಸಹಿ ಮಾಡಿದ.